ಒಂಬತ್ತನೆಯ ಸುತ್ತು

ವತಾಕನಿಗೆ ಮುಖವಿಲ್ಲ.
ಗುಡಿ ಕಟ್ಟಲು ಹೋದವರು ಮೂಲೆಗಲ್ಲು ಕೂರದೆ
ವಾಪಸು ಬಂದರಂತೆ.
ಕಟ್ಟುವವನು, ಅಷ್ಟೇ ಆ ಹೆಸರಿನ ಅರ್ಥ.
ನಮ್ಮ ಕಣಿವೆಯ ಮಾತಿನಲ್ಲಿ
ವರ್ಷಕ್ಕೂ ಕಟ್ಟುವುದಕ್ಕೂ ಒಂದೇ ಪದ:
ಹೋದ ವರ್ಷ ಹೋಗಿಲ್ಲ, ಕಟ್ಟಿಟ್ಟಿದೆ.

ಅಜ್ಜಿ ಚಿಂಪು ಉಣ್ಣೆ ನೂಲುತ್ತ, ನನ್ನ ಕಡೆ ನೋಡದೆ,
ತೆನೆ ಸುಲಿ, ಸಾಲು ಎಣಿಸು, ಅನ್ನುತ್ತಿದ್ದಳು.
ಹನ್ನೆರಡು. ಇನ್ನೊಂದು ಸುಲಿ. ಹದಿನಾಲ್ಕು.
ಬೆಸ ಬಂದರೆ ನನ್ನನ್ನು ಕೂಗು.
ಒಂದು ಸುಗ್ಗಿಯಿಡೀ ಸುಲಿದೆ, ಬೆರಳು ಬೊಕ್ಕೆ ಬಂತು,
ಕೂಗುವ ಪ್ರಸಂಗ ಬರಲಿಲ್ಲ.
ನೋಡಿದೆಯಾ, ಅಂದಳು,
ಗುಡಿ ಯಾಕೆ ಬೇಕು ಅವನಿಗೆ.

ಊರಿನ ಲೆಕ್ಕದ ಹಗ್ಗ ಅವಳ ಸುಪರ್ದಿಗಿತ್ತು.
ತುದಿಯಲ್ಲಿ ಬಿಡಿ, ಮೇಲೆ ಹತ್ತು, ಅದರ ಮೇಲೆ ನೂರು.
ಕಂದು ದಾರ ಲಾಮಾಗಳದು, ಹಳದಿ ಮೆಕ್ಕೆಜೋಳದ್ದು,
ಬಿಳಿಯದು ಮನುಷ್ಯರದು.
ಸೊನ್ನೆಗೆ ಗಂಟಿಲ್ಲ. ಬರೀ ದಾರ.
ಅಲ್ಲಿ ಅವಳ ಬೆರಳು
ಕತ್ತಲಲ್ಲಿ ಮೆಟ್ಟಿಲು ತಪ್ಪಿದ ಕಾಲಿನ ಹಾಗೆ ತಡೆಯುತ್ತಿತ್ತು.
ಸಿಡುಬಿನ ವರ್ಷದ ಹಗ್ಗದಲ್ಲಿ
ಒಂದು ಮೊಳ ಬರೀ ದಾರವೇ.

ಆಮೇಲೆ ಬೆಳ್ಳಿಯ ಬೆಟ್ಟದವರು ಬಂದರು, ಹೇಸರಗತ್ತೆ ಏರಿ.
ಏಳರಲ್ಲಿ ಒಬ್ಬ ಗಣಿಗೆ. ಅದು ಅವರ ಕಟ್ಟಳೆ.
ನಮ್ಮೂರ ಗಂಡಸರು ನಲವತ್ತೊಂಬತ್ತು.
ಏಳೇಳ್ಲ ನಲವತ್ತೊಂಬತ್ತು:
ಏನೂ ಮಿಗದ ಭಾಗಾಕಾರ,
ವತಾಕನಿಗೆ ಬಲು ಇಷ್ಟವಾಗುವಂಥದ್ದು.
ಏಳನೆಯವನು ಕುಂತುರ್.
ಹಿಂದಿನ ತಿಂಗಳಷ್ಟೇ ಬಿಳಿ ದಾರಕ್ಕೆ ಏರಿದವನು,
ಮೀಸೆಗೆ ಮುಂಚೆ ಕೆಮ್ಮು ಬಂದವನು.

ಆ ರಾತ್ರಿ ಅಜ್ಜಿ ಹಗ್ಗ ತೊಡೆಯ ಮೇಲಿಟ್ಟುಕೊಂಡಳು.
ನಾಲ್ಕು ಹತ್ತುಗಳನ್ನು ಮುಟ್ಟಲಿಲ್ಲ.
ಬಿಡಿಯ ಗಂಟಿಗೆ ಒಂಬತ್ತು ಸುತ್ತು.
ಸಡಿಲಿಸಿ, ಎಂಟು ಸುತ್ತಿ, ಬಿಗಿದಳು.
ಹೇನು ಕುಕ್ಕಿದಷ್ಟೂ ಸದ್ದಿಲ್ಲ.

ನಾನು ಅಂಗಳದಲ್ಲಿ ಕೂತು ಬೆಳಗಿನವರೆಗೆ ಕಾದೆ.
ಸೂರ್ಯ ಬೇರೆ ಕೊರಕಲಿನಿಂದ ಬರುತ್ತಾನೆ,
ಹೊಳೆ ಮೇಲಕ್ಕೆ ಹರಿಯುತ್ತದೆ,
ಜೋಳಕ್ಕೆ ಹದಿಮೂರು ಸಾಲು.
ಸೂರ್ಯ ಅದೇ ಕೊರಕಲಿನಿಂದ ಬಂದ.
ಸಮಾಧಾನವಾಯಿತೋ ಸಿಟ್ಟು ಬಂತೋ
ಇವತ್ತಿಗೂ ಗೊತ್ತಿಲ್ಲ.

ಕರಣಿಕ ಹಗ್ಗ ಓದಿಸಿಕೊಂಡ. ನಲವತ್ತೆಂಟು.
ಕಾಗದದ ಮೇಲೆ ಭಾಗಿಸಿದ. ಆರು. ಮಿಕ್ಕಿದ್ದು ಬಿಟ್ಟ.
ಸರಿ, ಅಂದ.
ನಲವತ್ತೆಂಟು ಸರಿಯೇ, ಬೆಸ ಅಲ್ಲ.

ಹೋದ ಆರರಲ್ಲಿ ನಮ್ಮಣ್ಣ ಟುಪಾಕೊ ಇದ್ದ.
ಇನ್ನಷ್ಟು ಬಿಚ್ಚಬಹುದಿತ್ತಲ್ಲ, ಅಂದೆ,
ಮೊಮ್ಮಗ ನಿನಗೆ ಲೆಕ್ಕಕ್ಕಿಲ್ಲವಾ?
ಅವನಿಗಾದರೆ ಇನ್ನೂ ಏಳು ಸುತ್ತು ಬಿಚ್ಚಬೇಕು, ಅಂದಳು.
ಲೆಕ್ಕ ಹಾಕಿ ನೋಡಿದ್ದಳು, ಹಾಗಾದರೆ.
ತುಂಬ ಹೊತ್ತು ಬಿಟ್ಟು:
ಒಂದಾದರೆ ನಾನು ಹೊರಬಲ್ಲೆ.

ಅಂದಿನಿಂದ ಯಾರಿಗೂ ತಲೆ ಬಾಚಲು ಕೊಡಲಿಲ್ಲ.
ಅಣ್ಣ ಬರಲಿಲ್ಲ. ಇಬ್ಬರು ಬಂದರು,
ಕಣ್ಣಿನ ಬಿಳಿ ಬೂದಿಯಾಗಿ.

ಹನ್ನೊಂದು ವರ್ಷದ ಮೇಲೆ ಅವಳನ್ನು ಮೀಯಿಸುವಾಗ
ಜಡೆ ಬಿಚ್ಚಿದೆ.
ಒಳಗಿನ ಒಂದು ಎಳೆ, ತುದಿಗೆ ಹತ್ತಿರ,
ಬಿಡಿಯ ಸ್ಥಾನದಲ್ಲಿ,
ಹಾವು ತನ್ನನ್ನೇ ದಾಟಿ ಮಲಗಿದಂಥ ಗಂಟು.
ನಮ್ಮಲ್ಲಿ ಹಾಗೆ ಕಟ್ಟಿದರೆ ಒಂದು.
ಆ ವರ್ಷದ ಬಿಳಿ ದಾರ ತಂದು ಪಕ್ಕಕ್ಕಿಟ್ಟು ಕೂಡಿದೆ.
ಅವಳು ಕಲಿಸಿದ ಕೈ, ಕೂಡದೆ ಇರಲಾರದು.
ಬಾಗಿಲಲ್ಲಿ ಕುಂತುರ್ ನಿಂತಿದ್ದ,
ಎರಡು ಮಕ್ಕಳ ಕೈ ಹಿಡಿದು, ಕೆಮ್ಮುತ್ತ.

ಗಂಟು ಬಿಚ್ಚದೆ ಮಣ್ಣಿಗಿಟ್ಟೆವು.

ಈಗ ಹಗ್ಗ ನನ್ನ ಹತ್ತಿರ.
ಸುಗ್ಗಿ ಬಂದರೆ ತೆನೆ ಸುಲಿಯುತ್ತೇನೆ, ಸಾಲು ಎಣಿಸುತ್ತೇನೆ,
ಹತ್ತು, ಹನ್ನೆರಡು, ಹದಿನಾಲ್ಕು.
ಬೆಸ ಬಂದರೆ
ಯಾರನ್ನು ಕೂಗಲಿ.