ಡಾಸನ್ ಬಾರಿನ ಗೋಡೆ

ಡಾಸನ್ ಯಾರೆಂದು ಯಾರಿಗೂ ಗೊತ್ತಿಲ್ಲ.
ಹಡಗಿನ ಕಪ್ತಾನನೆಂದರು ಕೆಲವರು,
ಮುತ್ತಿನ ಲೆಕ್ಕ ಬರೆಯುತ್ತಿದ್ದ ಗುಮಾಸ್ತನೆಂದರು,
ಮಾಲಕರ ಅಪ್ಪ ಸಾಕಿದ ನಾಯಿಯ ಹೆಸರೆಂದು
ಅಡುಗೆಯ ಫುರ್ಟಾಡೊ ಸಾಯುವ ತನಕ ವಾದಿಸಿದ.
ಬೋರ್ಡಿನಲ್ಲಿ ಮೂರನೆಯ ಅಕ್ಷರ ಉರಿಯುತ್ತಿರಲಿಲ್ಲ.
ಮನಾಮದ ಟ್ಯಾಕ್ಸಿಯವರಿಗೆ ಅಷ್ಟು ಸಾಕಿತ್ತು.

ನಾನು ಬಂದಾಗ ಹಿಂಬಾಗಿಲ ಮೆಟ್ಟಿಲಿಂದ
ಕಡಲು ಕಾಣುತ್ತಿತ್ತು.
ಈಗ ಕಡಲಿಗೆ ಹೋಗಲು ಟ್ಯಾಕ್ಸಿಗೆ ಎರಡು ದಿನಾರ್.
ಅದನ್ನು ಅಟ್ಟಿದ್ದು ಯಾರೂ ನೋಡಲಿಲ್ಲ;
ಲಾರಿಗಳು ರಾತ್ರಿ ಮರಳು ಸುರಿಯುತ್ತಿದ್ದವು,
ಒಳಗೆ ನಾವು ಗ್ಲಾಸು ಒರೆಸುತ್ತಿದ್ದೆವು.

ವರ್ಷಕ್ಕೆ ಹನ್ನೊಂದು ತಿಂಗಳು ನಾನು ವೇಟರ್.
ರಂಜಾನಿಗೆ ಬಾರು ಮುಚ್ಚಿದರೆ ಅರ್ಧ ಸಂಬಳ,
ಮೇಜಿನ ಮೇಲೆ ಕಾಲೆತ್ತಿ ಮಲಗಿದ ಕುರ್ಚಿಗಳು,
ನನ್ನ ಕೈಗೊಂದು ಬ್ರಷ್, ಎರಡು ಡಬ್ಬಿ ಬಣ್ಣ.
ಚಳಿಗಾಲದ ರಂಜಾನಿನಲ್ಲಿ ಒಣಗಲು ಎರಡು ದಿನ,
ಜುಲೈಯಲ್ಲಿ ಬಂದರೆ ಬ್ರಷ್ ತಿರುಗಿಸುವ ಮೊದಲೇ ಗರಿಗರಿ.
ಕ್ಯಾಲೆಂಡರಿನ ಎಲ್ಲ ತಿಂಗಳೂ ಹಿಂದಕ್ಕೆ ನಡೆದು ರಂಜಾನು
ನಾನು ವಿಮಾನ ಇಳಿದ ಏಪ್ರಿಲಿಗೇ ಮರಳಿತು.
ನಾನಿನ್ನೂ ಅದೇ ಗೋಡೆಯೆದುರು.

ಒಂದು ವರ್ಷ ಹಸಿರು, ಮಾಲಕರ ಮಗಳ ಮದುವೆಯಲ್ಲಿ ಉಳಿದದ್ದು.
ಒಂದು ವರ್ಷ ಕಂದು, ಸಿಗರೇಟಿನ ಕಲೆ ಕಾಣಬಾರದೆಂದು.
ಕುವೈತಿನ ಬಾವಿಗಳು ಉರಿದ ವರ್ಷ ಬಳಿದದ್ದು ಬಿಳಿ,
ಒಣಗಿದ್ದು ಬೂದು.
ನಡು ಮಧ್ಯಾಹ್ನ ದೀಪ ಹಚ್ಚಿದ್ದೆವು.
ಕಿಟಕಿಯ ಸಂದಿಯಿಂದ ಬಂದ ಮಸಿ
ಹಸಿ ಬಣ್ಣಕ್ಕೆ ಅಂಟಿ ಕೂತಿತು.
ಕೆರೆಯಲು ಹೋಗಲಿಲ್ಲ. ಮುಂದಿನ ವರ್ಷ
ಮೇಲಿಂದ ಇನ್ನೊಂದು ಬಳಿದರಾಯಿತು.

ಟಗ್ ದೋಣಿಯ ಮೆಕ್ರೀಡಿ ಗುರಿ ತಪ್ಪಿ ಕೊರೆದ
ಡಾರ್ಟಿನ ತೂತುಗಳಿಗೆ ಪುಟ್ಟಿ ತುಂಬಿದವನೂ ನಾನೇ.
ಅವನು ಊರಲ್ಲಿ ತೀರಿಹೋದ ಸುದ್ದಿ ಬಂದ ದಿನ
ಗೋಡೆ ಸವರಿದರೆ ಒಂದೊಂದಾಗಿ ಬೆರಳಿಗೆ ಸಿಕ್ಕವು.
ಹಾಡುತ್ತಿದ್ದ ಮರಿವಿಕ್ ಸ್ಪೀಕರಿನ ಹಿಂದೆ
ಪೆನ್ಸಿಲಿನಲ್ಲಿ ಬರೆದ ಒಂದು ಫೋನ್ ನಂಬರು,
ಮೂರು ವರ್ಷ ಬ್ರಷ್ ಅದನ್ನು ಸುತ್ತಿ ಹೋಯಿತು.
ನಾಲ್ಕನೆಯ ವರ್ಷ ಹೋಗಲಿಲ್ಲ.
ಯಾಕೆಂದು ಕೇಳಬೇಡಿ.

ಹಿಂಬಾಗಿಲಿಗೆ ಹುರಿದ ಕಡಲೆ ತರುವವನು ಉಳ್ಳಾಲದ ಹಮ್ಮಬ್ಬ.
ಹೊಸ್ತಿಲು ದಾಟಿದವನಲ್ಲ,
ದುಡ್ಡು ಎಣಿಸುವಾಗಲೂ ಮುಖ ಬೀದಿಯ ಕಡೆಗೆ.
ರಂಜಾನಿನಲ್ಲಿ ಕಡಲೆ ವ್ಯಾಪಾರವಿಲ್ಲ, ಆದರೂ ಬರುತ್ತಿದ್ದ,
ಬಾಂಗು ಕೂಗಿದ ಮೇಲೆ, ಮುಚ್ಚಳದ ಪಾತ್ರೆಯಲ್ಲಿ ಗಂಜಿ.
"ಬಣ್ಣ ಹೊಟ್ಟೆಗೆ ಹೋದೀತು, ಮೊದಲು ಕೈ ತೊಳಿ ಮಾರಾಯ."

ಕಳೆದ ವಾರ ಹೆಲ್ಮೆಟ್ಟಿನ ಹುಡುಗನೊಬ್ಬ ಬಂದ.
ಇಲ್ಲಿ ಮೂವತ್ತೆರಡು ಮಾಳಿಗೆ ಏಳುತ್ತದೆ.
ಬೆಂಕಿಪೊಟ್ಟಣದಷ್ಟು ಜಾಗವನ್ನು ಚಾಕುವಿನಿಂದ ಕೆರೆದ,
ಕೆರೆದ, ಕೆರೆದ. ಬಣ್ಣ ಮುಗಿಯಲಿಲ್ಲ. ಅವನಿಗೆ ನಗು ಬಂತು.
ಕೊನೆಗೆ ಕಲ್ಲು. ಕಡಲಿಂದ ತೆಗೆದ ಹವಳದ ಕಲ್ಲು,
ಅದರೊಳಗೊಂದು ಚಿಪ್ಪು, ಮಗುವಿನ ಉಗುರಿನಷ್ಟು.
ಫೋಟೊ ತೆಗೆದ, ಯಾರಿಗೋ ಫೋನ್ ಮಾಡಿದ.
"ಈ ಗೋಡೆ ಒಡೆಯುವುದಿಲ್ಲ" ಎಂದ, ಸಿಹಿ ಹಂಚುವವನ ಹಾಗೆ.
ಹೊಸ ಕಟ್ಟಡದ ಬುಡದಲ್ಲಿ ಗಾಜಿನ ಹಿಂದೆ ನಿಲ್ಲಿಸುತ್ತಾರಂತೆ,
ಪಕ್ಕದಲ್ಲೊಂದು ಫಲಕ, ಮುತ್ತಿನ ಕಾಲದ್ದೆಂದು.
ಬಣ್ಣ ಮಾತ್ರ ಪೂರ್ತಿ ತೆಗೆಯಬೇಕು.
"ಇಷ್ಟೊಂದು ಯಾರು ಮೆತ್ತಿದ್ದು?"

ಗೊತ್ತಿಲ್ಲ ಸರ್, ಎಂದೆ.

ಅವನು ಹೋದ ಮೇಲೆ ನೆಲದಿಂದೊಂದು ಚೂರು ಹೆಕ್ಕಿದೆ.
ಕೋರಿರೊಟ್ಟಿಗಿಂತ ದಪ್ಪ. ಅಂಚಿನಲ್ಲಿ ಗೆರೆಗಳು.
ಹಸಿರು ಸಿಕ್ಕಿತು. ಬೂದು ಕೂದಲೆಳೆಯಷ್ಟು,
ಕಣ್ಣು ಕಿರಿದಾಗಿಸಿದರೆ ಮಾತ್ರ.
ಹಿಂಬಾಗಿಲಿಗೆ ಹೋಗಿ ಹಮ್ಮಬ್ಬನ ಅಂಗೈಗಿಟ್ಟೆ.
ಕನ್ನಡಕ ಹಣೆಗೇರಿಸಿ ನೋಡಿದ. ಮೂಸಿದ.
ಒಳಗಿನದೊಂದನ್ನು ಅವನು ಮುಟ್ಟಿದ್ದು ಅದೇ ಮೊದಲು.
ಏನೂ ಹೇಳದೆ ಕಾಗದದ ಪೊಟ್ಟಣ ಸುರುಳಿ ಸುತ್ತಿ,
ಚೂರು ಅದರೊಳಗಿಟ್ಟು, ಬಾಯಿ ಮಡಚಿ ನನಗೇ ಕೊಟ್ಟ.
ನಾನು ಅಭ್ಯಾಸದಂತೆ
ಚಿಲ್ಲರೆಗೆ ಜೇಬಿಗೆ ಕೈ ಹಾಕಿದೆ.