ಬಾಗಿಲಿಗೆ ಅಂಟಿಸಲಾಗಿದೆ

ಸೂರ್ಯ ಹುಟ್ಟೋ ತನಕ ಒಳಗ ಕಾಲಿಡಬ್ಯಾಡ
ಅಂತ ಕಾನೂನಿನಾಗ ಅದ.
ಅದಕ್ಕೇ ನಾವು ಹೊರಗ, ಹಾಸುಗಲ್ಲಿನ ಮ್ಯಾಲೆ:
ಆಳಂದ ಕೋರ್ಟಿನ ಅಮೀನ ನಾನು, ಸಾಯಬಣ್ಣ,
ಫೈನಾನ್ಸಿನವರ ಗುಮಾಸ್ತ ಗುಂಡೇರಾವ,
ಜಪ್ತಿ ಸಾಮಾನಿಗಂತ ಬಾಡಿಗಿ ಟಂಟಂ,
ಅದರ ಡ್ರೈವರ ಇನ್ನಾ ನಿದ್ದ್ಯಾಗ.

ಗುಂಡೇರಾವ ಗಡಿಯಾರ ನೋಡ್ತಾನ, ಮುಗಿಲು ನೋಡ್ತಾನ.
"ಬೆಳಕಾತಲ್ರಿ ಅಮೀನಸಾಬ."
ಬೆಳಕು ಬ್ಯಾರೆ, ಸೂರ್ಯ ಬ್ಯಾರೆ, ಅಂದೆ.
ಇಪ್ಪತ್ತಾರು ವರ್ಷದ ನೌಕರಿ.
ಈ ಒಂದು ಮಾತು ತಪ್ಪಿಲ್ಲ ನಾನು;
ತಪ್ಪಿದ್ದು ಬ್ಯಾರೆ ಅವ.

ವಾರಂಟಿನಾಗ ಹೆಸರು: ಲಾಡ್ಲೇಸಾಬ, ತಂದಿ ಖಾಜಾಸಾಬ,
ಉದ್ಯೋಗ ಬ್ಯಾಂಡ್ ಬಾರಸೋದು.
ತಂಗಿ ಗಂಡನ ಜೀಪಿನ ಸಾಲಕ್ಕ ಜಾಮೀನು, ಹೆಬ್ಬಟ್ಟು.
ಎಂಬತ್ತೊಂದು ಸಾವಿರ, ಮ್ಯಾಲೆ ಬಡ್ಡಿ, ಮ್ಯಾಲೆ ಖರ್ಚು.
ಏಕಪಕ್ಷೀಯ ಡಿಕ್ರಿ.
ಏಕಪಕ್ಷೀಯ ಅಂದ್ರ
ಕೋರ್ಟಿನಾಗ ಮೂರು ಸಲ ಹೆಸರು ಕೂಗ್ಯಾರ,
ವರಾಂಡಾದಾಗ ಒಂದು ಪಾರಿವಾಳ ಎದ್ದು ಹಾರ್ಯದ,
ಅಷ್ಟೇ.

ಬಾಗಿಲು ತೆರೀತು.
ಕೊಡ ಹಿಡದು ಬಂದಾಕಿ ಅವನ ಹೇಂತಿ ಸುಗ್ರಾಬಿ
ನಮ್ಮನ್ನ ನೋಡಿ, ಟಂಟಂ ನೋಡಿ,
"ಮದುವಿ ಎಲ್ಲ್ಯದರಿ?" ಅಂದಳು.
ಬುಕಿಂಗಿಗೆ ಬಂದಾರಂತ ತಿಳದು
ಚಾ ಇಡಲಾಕ ಒಳಗ ಹೋದಳು.

ಸೂರ್ಯ ಬಂದ.
ಒಂದೇ ಕೋಣಿ. ನಾನು ಪಟ್ಟಿ ಬರಿಬೇಕು.
ಹಾಸಿಗಿ ಬರಿಯಂಗಿಲ್ಲ, ಅಡಗಿ ಭಾಂಡಿ ಬರಿಯಂಗಿಲ್ಲ,
ಉಡೋ ಬಟ್ಟಿ, ಕಸುಬಿನ ಹತ್ಯಾರ ಬರಿಯಂಗಿಲ್ಲ.
ಗೂಟಕ್ಕ ಎರಡು ತುತ್ತೂರಿ, ಮೂಲ್ಯಾಗ ಡ್ರಮ್ಮು,
ಹಳದಿ ಅರಿವ್ಯಾಗ ಸುತ್ತಿದ ಕ್ಲಾರಿನೆಟ್ಟು.
"ಹಿತ್ತಾಳಿ! ತೂಕಕ್ಕ ಹಾಕಿದ್ರೂ ಬರ್ತದ," ಗುಂಡೇರಾವ.
"ಹತ್ಯಾರ," ನಾನು.
"ಹತ್ಯಾರ ಅಂದ್ರ ಬಡಿಗ್ಯಾಂದು, ಕಮ್ಮಾರಂದು.
ಊದೋದು ಹತ್ಯಾರ ಹೆಂಗಾತ್ರಿ?"
ಅದಕ್ಕ ಉತ್ತರ ನನಗೂ ಗೊತ್ತಿಲ್ಲ.
ಗೊತ್ತಿಲ್ಲದ್ದು ಸಾಹೇಬರು ಹೇಳಬೇಕು,
ಟಂಟಂ ಹೇಳಬಾರದು.

ಲಾಡ್ಲೇಸಾಬ ಗ್ವಾಡಿಗೆ ನಿಂತಾನ.
"ನನಗ ಒಂದು ಚೀಟಿ ಬಂದಿಲ್ರಿ."
ಎಲ್ಲಾರೂ ಹಂಗೇ ಅಂತಾರ.
ಫೈಲು ತೆಗದೆ. ನನ್ನವೇ ಅಕ್ಷರ, ನನ್ನದೇ ಸಹಿ:
'ಪ್ರತಿವಾದಿ ಮನೆಯಲ್ಲಿ ಸಿಗಲಿಲ್ಲ. ಸಮನ್ಸಿನ ಪ್ರತಿಯನ್ನು
ಮನೆಯ ಬಾಗಿಲಿಗೆ ಅಂಟಿಸಲಾಗಿದೆ.'
ಸಾಕ್ಷಿ, ಚಾದಂಗಡಿ ಶಿವರಾಯ.

ಬಸಿ ಹಿಡದು ನಿಂತ ಸುಗ್ರಾಬಿ ಕೇಳಿದಳು,
"ಯಾವ ವರ್ಷರಿ?"
ಹೇಳಿದೆ.
"ಆಗ ಬಾಗಿಲೇ ಇರಲಿಲ್ರಿ.
ಗೋಣಿತಟ್ಟಿನ ಪರದಾ ಇತ್ತು.
ಇದು ಹೋದ ವರ್ಷ ಹಚ್ಚಿಸಿದ್ದು,
ಮಗಳನ್ನ ನೋಡಲಾಕ ಬೀಗರು ಬರ್ತಾರಂತ."

ಬಾಗಿಲು ನೋಡಿದೆ. ಬೇವಿನ ಹಲಗಿ, ನೀಲಿ ಬಣ್ಣ,
ಕೆಳಗ ಒಂದೀಟು ಬಾಗ್ಯದ.
ಆ ದಿನ ಬಿಸಿಲು ನಲವತ್ತಮೂರು ಡಿಗ್ರಿ.
ಚೀಲದಾಗ ಹದಿನೇಳು ಸಮನ್ಸು.
ಶಿವರಾಯನ ಬೆಂಚಿನ ಮ್ಯಾಲೆ, ಫ್ಯಾನಿನ ಕೆಳಗ ಕೂತು
ಹದಿನೇಳು ಬಾಗಿಲಿಗೆ ಅಂಟಿಸಿದೆ.
ಚೀಲದಾಗ ಅಂಟೂ ಇರಲಿಲ್ಲ.

ಚಾ ಆರಿತು.
"ಬರೀರಿ, ವಾದ್ಯ ನಾಲ್ಕು ನಗ," ಅಂದ ಗುಂಡೇರಾವ.
ವಾರಂಟು ಹೊಳ್ಳಿಸಿದೆ. ಹಿಂದಿನ ಕೋರಾ ಜಾಗಾದಾಗ
ಬರದೆ, ಹೊಡದೆ, ಮತ್ತ ಬರದೆ:
'ಸದರಿ ಮನೆಗೆ ಆಗ ಬಾಗಿಲು ಇರಲಿಲ್ಲ.'
ನೌಕರಿ ಇನ್ನಾ ಎರಡು ವರ್ಷ ಅದ. ಪಿಂಚಣಿ ಅದ.
ಗುಂಡೇರಾವ ಓದಿದ, ನನ್ನ ಮಾರಿ ನೋಡಿದ,
ಫೋನ್ ತಗೊಂಡು ಹೊರಗ ಹೋದ.

ಅವರ ರೊಕ್ಕ ಅವರಿಗೆ ಬರಬಾರದಂತಲ್ಲ.
ಸಾಲ ಸುಳ್ಳಲ್ಲ, ಹೆಬ್ಬಟ್ಟು ಸುಳ್ಳಲ್ಲ.
ಸುಳ್ಳಾಗಿದ್ದು ಬಾಗಿಲು.

ಲಾಡ್ಲೇಸಾಬ ವಾರಂಟಿನ ನಕಲು ಬೆಳಕಿಗೆ ಹಿಡದು ತಿರುವ್ತಾನ,
ಕ್ಲಾರಿನೆಟ್ಟಿನ ಪತ್ತಿ ಸೀಳ್ಯದೇನಂತ ನೋಡಿದಂಗ.
"ಇದರಾಗ ಏನದ, ಓದ್ರಿ."

ಹೊಸ್ತಿಲಕ್ಕ ಕೂತೆ. ನಂಬರಿನಿಂದ ಸುರು ಮಾಡಿದೆ.
"ಲಾಡ್ಲೇಸಾಬ, ತಂದಿ ಖಾಜಾಸಾಬ..."
"ಅಲ್ಲೇ ತಪ್ಪ್ಯದರಿ," ಅಂದ.
"ನಮ್ಮಪ್ಪ ಖಾಸಿಮಸಾಬ."