ಇಪ್ಪತ್ತೆರಡು ಬೆಡ್‌ಶೀಟು

ಕುಣಿಯೋಳಾ ಅಂದೆ. ಹೌದು ಅಂದ್ಲು.
ಬಣ್ಣ ಬರೆಯೋಳಾ? ಅದೂ ಹೌದು.
ಮತ್ತೆ ಈ ಕ್ಯಾಮೆರಾ? ಅದೂ ನಂದೇ ಅಕ್ಕ.
ಮೂರರಲ್ಲಿ ಒಂದಕ್ಕಾದ್ರೂ ಸಂಬಳ ಇದೆಯಾ
ಅಂತ ಕೇಳಿದ್ದಕ್ಕೆ
ತುಂಗೆ ಕಡೆ ತಿರುಗಿ ನಕ್ಳು.

ಸೊರಬದ ಕಡೆಯೋಳು, ವನಮಾಲಾ ಅಂತ ಹೆಸರು.
ಅಜ್ಜಿ ಗೋಡೆ ಮೇಲೆ ಹಸೆ ಬರೀತಿದ್ಲಂತೆ,
ಪುಂಡಿನಾರಿನ ಕುಂಚ, ಕೆಮ್ಮಣ್ಣು, ಅಕ್ಕಿಹಿಟ್ಟು.
ಆ ಕೆಮ್ಮಣ್ಣನ್ನೇ ಡಬ್ಬಿಯಲ್ಲಿ ತುಂಬ್ಕೊಂಡು
ನನ್ನ ಒಗೆಯೋ ಕಲ್ಲಿನ ಹತ್ತಿರ ಕೂತಿದ್ಲು,
ಹದಿನಾಲ್ಕು ದಿನ.

ಬೀಸೋದು ಕಲಿಸಿ ಅಂದ್ಲು.
ಕಲಿಸೋದೇನು, ಬಟ್ಟೆ ಭಾರ ಇದ್ರೆ ಕೈ ತಾನೇ ಏಳುತ್ತೆ.
ಒಣ ಪಂಚೆ ಹಿಡಿದು ಬೀಸಿದ್ಲು, ನೊಣ ಹೊಡೆದ ಹಾಗಿತ್ತು.
ಒದ್ದೆ ಜಮಖಾನ ಕೊಟ್ಟೆ.
ಎರಡನೇ ಪೆಟ್ಟಿಗೆ ಸೊಂಟ ಹಿಡ್ಕೊಂಡ್ಲು.
ನಾಲ್ಕನೇ ದಿನ 'ಉಸ್ಸ್' ಅನ್ನೋದು ಬಂತು,
ಹೊಟ್ಟೆಯಿಂದ, ಸುಳ್ಳಿಲ್ಲದೆ.

ಫೆಬ್ರವರಿ ಕೊನೆ. ಗಾಜನೂರಲ್ಲಿ ನೀರು ಬಿಟ್ಟಿರಲಿಲ್ಲ,
ಹೊಳೆ ನಡುವಿನ ಬಂಡೆಗಳು ಬಿಸಿಲು ಕಾಯಿಸ್ತಿದ್ವು.
ಪರದೆ ಬೇಕು, ಬೆಡ್‌ಶೀಟು ಕೊಡಿ ಅಂದ್ಲು.
ನಂದಲ್ಲ ಕಣಮ್ಮ, ದುರ್ಗಿಗುಡಿ ನರ್ಸಿಂಗ್ ಹೋಮಿಂದು,
ಬೆಳಿಗ್ಗೆ ಎಂಟಕ್ಕೆ ಎಣಿಸಿ ಕೊಡಬೇಕು.
ನನಗೂ ಏನೋ ಆಸೆ. ಇಪ್ಪತ್ತೆರಡು ಕೊಟ್ಟೆ.

ಹಳೇ ಸೇತುವೆ ಕೆಳಗೆ ಹಗ್ಗ ಕಟ್ಟಿ ಒದ್ದೆಯಲ್ಲೇ ಹರವಿದ್ವಿ.
ಬಂದೋರು ಮೂವತ್ತು ಜನ ಇರಬಹುದು,
ಅದರಲ್ಲಿ ಕಡಲೆಕಾಯಿ ಮಾರೋನು ಒಬ್ಬ.
ಮಿಷನ್ನು ಹೊತ್ಕೊಳ್ತು.
ಪರದೆ ತುಂಬ ಒಂದು ಬೆನ್ನು.

ಯಾರದಪ್ಪ ಇದು, ಇಷ್ಟು ಅಗಲ,
ರವಿಕೆ ಬೆವರಿಗೆ ಅಂಟಿ, ಎಡ ಹೆಗಲು ಮೊದಲು ಎದ್ದು
ಬಲದ್ದು ಹಿಂದಿಂದ ಓಡಿ ಬಂದ ಹಾಗೆ.
ಸೊಸೆ ನೇತ್ರಾವತಿ ಮೊಣಕೈಲಿ ತಿವಿದು
'ಅತ್ತೆ, ನೀವು' ಅಂದಾಗ
ಎದೆ ಧಸಕ್ಕಂತು.
ಐವತ್ತೆಂಟು ವರ್ಷ ಹೊತ್ಕೊಂಡು ತಿರುಗಿದ್ದೀನಿ,
ಒಂದು ದಿನ ನೋಡಿರಲಿಲ್ಲ ಅದನ್ನ.

ಅವಳು ಕೆಮ್ಮಣ್ಣಲ್ಲಿ ಕಾಲದ್ದಿ
ಆ ಬೆನ್ನಿನ ಬುಡದಲ್ಲಿ ಕುಣಿದ್ಲು.
ಕುಣಿತ ಅಂದ್ರೆ ಗೆಜ್ಜೆ ಇಲ್ಲ, ತಾಳ ಇಲ್ಲ;
ಬಗ್ಗೋದು, ಏಳೋದು, ಉಸ್ಸ್.
ಅಂಗೈಯಿಂದ ಗೆರೆ ಎಳೆದ್ಲು, ಅಜ್ಜಿಯ ಗೋಡೆ ಗೆರೆ,
ಒದ್ದೆ ಬಟ್ಟೆ ಮೇಲೆ ನಿಲ್ಲದೆ
ಜಾರ್ತಾ ಜಾರ್ತಾ ನೀರಿಗಿಳೀತು.
ಅರ್ಥ ಆಯ್ತಾ ಅಂತ ಯಾರೋ ಕೇಳಿದ್ರು.
ನನ್ನ ಬೆನ್ನು, ನನಗೆ ಅರ್ಥ ಆಗದೆ ಏನು?

ಹತ್ತೂವರೆಗೆ ಹಗ್ಗ ಬಿಚ್ಚಿದೆ.
ತೊಳೀಬೇಡಿ ಅಕ್ಕ, ಇದೇ ಚಿತ್ರ, ದುಡ್ಡು ನಾ ಕೊಡ್ತೀನಿ.
ದುಡ್ಡಲ್ಲ ಕಣೆ,
ನಾಳೆ ಇದರ ಮೇಲೆ ಹೆತ್ತೋಳೊಬ್ಬಳು ಮಲಗಬೇಕು.
ಸ್ವಲ್ಪ ಹೊತ್ತು ಸುಮ್ಮನಿದ್ಲು. ಆಮೇಲೆ
ಪ್ಯಾಂಟು ಮಡಚಿ ನೀರಿಗಿಳಿದ್ಲು,
ಕ್ಯಾಮೆರಾ ದಡದಲ್ಲೇ ಬಿಟ್ಟು.

ಬೆಳಗಿನ ಜಾವದ ತನಕ ಇಸ್ತ್ರಿಯಲ್ಲೇ ಒಣಗಿಸಿ
ಎಂಟಕ್ಕೆ ಎಣಿಸಿ ಕೊಟ್ಟೆ.

ಈಗ ಬೀಸುವಾಗಲೆಲ್ಲ ಹಿಂದೆ ಯಾರೋ ನಿಂತ ಹಾಗೆ.
ಎಡ ಹೆಗಲು ಮೊದಲು ಏಳುತ್ತಲ್ಲ,
ಸರಿ ಮಾಡ್ಕೊಳ್ಳೋಣ ಅಂತ ಎರಡು ದಿನ ನೋಡ್ದೆ.
ಬಟ್ಟೆ ಬೆಳ್ಳಗಾಗಲಿಲ್ಲ.